ಹಾವಿನ ತಲೆ ಇದ್ದ ಮಾತ್ರಕ್ಕೆ ಅಟ್ಲಾಸ್ ಅಲ್ಲ

ಪ್ರಶ್ನೆ: ನಿನ್ನೆ ರಾತ್ರಿ ಜಗಲಿಯ ದೀಪದ ಹತ್ತಿರ ಎರಡು ಅಂಗೈ ಅಗಲದ ಪತಂಗ ಬಂದು ಕೂತಿತ್ತು. ರೆಕ್ಕೆಯ ತುದಿಯಲ್ಲಿ ಹಾವಿನ ತಲೆಯಂಥ ಗುರುತು. ಇದು ಅಟ್ಲಾಸ್ ಪತಂಗ ತಾನೇ?

ಮಳೆಗಾಲ ಬಂತೆಂದರೆ ಈ ಪ್ರಶ್ನೆಯೂ ಬಂದೇ ಬರುತ್ತದೆ. ಒಂದೊಂದು ಸಾಲಿನ ಉತ್ತರ ಕೊಟ್ಟು ಕೊಟ್ಟು ಸಾಕಾಗಿದೆ. ಈ ಸಲ ಕೂತು ವಿವರವಾಗಿಯೇ ಬರೆಯುತ್ತೇನೆ.

ನಮ್ಮ ಮಲೆನಾಡು, ಕರಾವಳಿಯಲ್ಲಿ ಕಂಡಿದ್ದರೆ ಅದು ಅಟ್ಟಾಕಸ್ ಟ್ಯಾಪ್ರೊಬೇನಿಸ್. ದಕ್ಷಿಣ ಭಾರತ ಮತ್ತು ಶ್ರೀಲಂಕಾದ್ದು. ಟ್ಯಾಪ್ರೊಬೇನ್ ಅಂದರೆ ಗ್ರೀಕರು ಶ್ರೀಲಂಕಾಕ್ಕೆ ಇಟ್ಟಿದ್ದ ಹಳೆಯ ಹೆಸರು. ಅಟ್ಲಾಸ್ ಪತಂಗ, ಅಂದರೆ ಅಟ್ಟಾಕಸ್ ಅಟ್ಲಾಸ್, ಇರುವುದು ಈಶಾನ್ಯ ಭಾರತದಿಂದ ಆಗ್ನೇಯ ಏಷ್ಯಾದ ಕಡೆಗೆ. ಹೆಸರಿನ ಮೊದಲ ಪದ ಕುಲದ್ದು, ಎರಡನೆಯದು ಪ್ರಭೇದದ್ದು. ಇಲ್ಲಿ ಕುಲ ಒಂದೇ, ಪ್ರಭೇದ ಬೇರೆ.

"ಆದರೆ ಹಾವಿನ ತಲೆ ಇದೆಯಲ್ಲ?" ಎಂಬ ಮಾತು ತಕ್ಷಣ ಬರುತ್ತದೆ. ಇದೆ. ಅಂಡಮಾನಿನ ಅಟ್ಟಾಕಸ್ ಮ್ಯಾಕ್‌ಮುಲೆನಿಗೂ ಇದೆ. ಫಿಲಿಪ್ಪೀನ್ಸ್‌ನ ಅಟ್ಟಾಕಸ್ ಸೀಸರ್‌ಗೂ ಇದೆ. ಕುಲವೇ ಬೇರೆಯಾದ ಹಿಮಾಲಯದ ಆರ್ಕಿಯೋಅಟ್ಟಾಕಸ್ ಎಡ್ವರ್ಡ್ಸೈಗೂ ಇದೆ. ಅದನ್ನೂ ಹಿಂದೆ ಅಟ್ಟಾಕಸ್ ಎಂದೇ ಕರೆಯುತ್ತಿದ್ದರು, 1914ರಲ್ಲಿ ಹೊಸ ಕುಲ ಮಾಡಿದರು. ಒಂದೇ ಮನೆತನದ ಎಲ್ಲರಿಗೂ ಒಂದೇ ಥರದ ಮೂಗು ಇದ್ದ ಹಾಗೆ ಇದು. ಮೂಗು ನೋಡಿ ಮನೆತನ ಹೇಳಬಹುದು. ಅಣ್ಣನೋ ತಮ್ಮನೋ ಹೇಳಲಾಗದು.

ಹಾಗಾದರೆ ಗಾತ್ರ? ಅದೂ ನಂಬಿಕೆಗೆ ಅರ್ಹವಲ್ಲ. ಪತಂಗವಾದ ಮೇಲೆ ಇದು ಏನನ್ನೂ ತಿನ್ನುವುದಿಲ್ಲ. ಹುಳುವಾಗಿದ್ದಾಗ ತಿಂದಷ್ಟೇ ಬಂಡವಾಳ. ಎಲೆ ಸಾಲದೆ ಬೆಳೆದ ಹುಳು ಚಿಕ್ಕ ಪತಂಗವಾಗುತ್ತದೆ. ಗಂಡು ಹೆಣ್ಣಿಗಿಂತ ಚಿಕ್ಕದು. ಬಣ್ಣವೂ ಒಂದೇ ಪ್ರಭೇದದೊಳಗೆ ಬದಲಾಗುತ್ತದೆ. ಸ್ಕೇಲ್ ಇಟ್ಟು ಫೋಟೋ ತೆಗೆದರೂ ಪ್ರಯೋಜನ ಇಲ್ಲ.

ಮತ್ತೆ ತಜ್ಞರು ಹೇಗೆ ಗುರುತಿಸುತ್ತಾರೆ? ಗಂಡಿನ ಜನನಾಂಗದ ರಚನೆಯನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾರೆ, ಸಿಕ್ಕ ಜಾಗ ಯಾವುದೆಂದು ನೋಡುತ್ತಾರೆ. 1989ರಲ್ಲಿ ಪತಂಗ ತಜ್ಞ ರಿಚರ್ಡ್ ಪೈಗ್ಲರ್ ಇಡೀ ಕುಲವನ್ನು ಹೀಗೆ ಹೊಸದಾಗಿ ಜೋಡಿಸಿದರು. ನಮ್ಮದನ್ನು ಬಹಳ ಕಾಲ ಅಟ್ಲಾಸ್‌ನ ಉಪಪ್ರಭೇದ ಎಂದು ಬರೆಯುತ್ತಿದ್ದರು. ಹಳೆಯ ಹೆಸರು ಇನ್ನೂ ಬಾಯಲ್ಲಿ ಉಳಿದಿರುವುದಕ್ಕೆ ಅದೂ ಒಂದು ಕಾರಣ. ನಿಮಗೆ ಸೂಕ್ಷ್ಮದರ್ಶಕ ಬೇಕಾಗಿಲ್ಲ. ಊರಿನ ಹೆಸರು ಬರೆದಿಟ್ಟರೆ ಸಾಕು. ಫೋಟೋ ಜೊತೆಗೆ ಅದನ್ನೇ ಎಲ್ಲರೂ ಬಿಟ್ಟುಬಿಡುತ್ತಾರೆ, ಅದೇ ನನಗೆ ಬೇಜಾರು.

ಹೆಸರಿನ ಮಾತು ಬಂತಲ್ವಾ, ಇನ್ನೊಂದು ಹೇಳಬೇಕು. ಹರಳು ಗಿಡದ ಎಲೆ ತಿಂದು ಎರಿ ರೇಷ್ಮೆ ಕೊಡುವ ಹುಳುವನ್ನು ಹಳೆಯ ಪುಸ್ತಕಗಳಲ್ಲಿ ಅಟ್ಟಾಕಸ್ ರಿಸಿನಿ ಎಂದೇ ಬರೆದಿದ್ದಾರೆ. ಆಮೇಲೆ ಫಿಲೋಸಾಮಿಯಾ ಆಯಿತು, ಈಗ ಸಾಮಿಯಾ ರಿಸಿನಿ. ನಮ್ಮ ಮೈಸೂರು ರೇಷ್ಮೆಯ ಹಿಪ್ಪುನೇರಳೆ ಹುಳು ಇವುಗಳ ಕುಟುಂಬದ್ದೇ ಅಲ್ಲ. ಅದರ ಗೂಡಿನಿಂದ ಒಂದೇ ಉದ್ದನೆಯ ಎಳೆ ಬಿಚ್ಚಬಹುದು. ಎರಿ ಗೂಡಿಗೆ ಒಂದು ತುದಿ ತೆರೆದೇ ಇರುತ್ತದೆ, ಪತಂಗ ಅಲ್ಲಿಂದ ಹೊರಗೆ ಬರುತ್ತದೆ. ಅದರ ಎಳೆಯನ್ನು ಹತ್ತಿಯ ಹಾಗೆ ನೂಲಬೇಕು.