ಸರ್ಕಾರ ಸುಮ್ಮನಿದ್ದುದರಿಂದ ಅಮೆರಿಕ ಬೆಳೆಯಿತೇ?

ಪ್ರಶ್ನೆ: ಗಿಲ್ಡೆಡ್ ಏಜ್ ಕಾಲದಲ್ಲಿ, ಅಂದರೆ 19ನೇ ಶತಮಾನದ ಕೊನೆಯ ದಶಕಗಳಲ್ಲಿ, ಅಮೆರಿಕದ ಕೈಗಾರಿಕೆ ಅಷ್ಟು ಬೇಗ ಬೆಳೆದದ್ದು ಸರ್ಕಾರ ಉದ್ಯಮಿಗಳ ತಂಟೆಗೆ ಹೋಗದೆ ಸುಮ್ಮನಿದ್ದುದರಿಂದ ತಾನೇ?

ಉತ್ತರ: ಅಲ್ಲ. ಎಷ್ಟು ಸಲ ಉತ್ತರಿಸಿದರೂ ಈ ಪ್ರಶ್ನೆ ವೇಷ ಬದಲಿಸಿಕೊಂಡು ಮತ್ತೆ ಬರುತ್ತದೆ. ಪರೀಕ್ಷೆಯ ಗೈಡುಗಳಲ್ಲಿ ‘ಲೇಸೆ ಫೇರ್ ಯುಗ’, ಅಂದರೆ ಸರ್ಕಾರ ಆರ್ಥಿಕತೆಯಲ್ಲಿ ಕೈಹಾಕದ ಯುಗ, ಎಂದು ಒಂದು ಸಾಲು ಇರುತ್ತದೆ, ಎಲ್ಲರೂ ಅದನ್ನೇ ಬಾಯಿಪಾಠ ಮಾಡುತ್ತಾರೆ. ಎಣ್ಣೆಯ ಉದ್ಯಮಿ ರಾಕ್‌ಫೆಲರ್, ಉಕ್ಕಿನ ಉದ್ಯಮಿ ಕಾರ್ನೆಗಿ ಎಲ್ಲ ನಿಮಗೆ ಗೊತ್ತಿರುವ ಸಂಗತಿಗಳೇ. ನೇರವಾಗಿ ಲೆಕ್ಕಕ್ಕೆ ಬರೋಣ.

ಮೊದಲು ರೈಲು. 1862ರ ಪೆಸಿಫಿಕ್ ರೈಲ್ವೆ ಕಾಯ್ದೆಯ ಪ್ರಕಾರ ಪೂರ್ವದಿಂದ ಯೂನಿಯನ್ ಪೆಸಿಫಿಕ್, ಪಶ್ಚಿಮದಿಂದ ಸೆಂಟ್ರಲ್ ಪೆಸಿಫಿಕ್ ಕಂಪನಿಗಳು ಹಳಿ ಹಾಕುತ್ತಾ ಬಂದವು. ಹಾಕಿದ ಪ್ರತಿ ಮೈಲಿಗೆ ಸರ್ಕಾರ ಬಾಂಡ್ (ಮಾರಿ ಹಣ ಮಾಡಿಕೊಳ್ಳಬಹುದಾದ ಸಾಲಪತ್ರ) ಕೊಡುತ್ತಿತ್ತು: ಸಮತಟ್ಟಾದ ನೆಲಕ್ಕೆ 16,000 ಡಾಲರ್, ನಡುವಿನ ಎತ್ತರದ ಪ್ರಸ್ಥಭೂಮಿಗೆ 32,000, ಬೆಟ್ಟಕ್ಕೆ 48,000. ಇದರ ಜೊತೆಗೆ ಭೂಮಿ. ಒಂದು ಚದರ ಮೈಲಿಗೆ, ಅಂದರೆ 640 ಎಕರೆಗೆ, ಒಂದು ಸೆಕ್ಷನ್ ಎನ್ನುತ್ತಾರೆ. ಮೊದಲು ಮೈಲಿಗೆ 10 ಸೆಕ್ಷನ್ ಇದ್ದದ್ದು 1864ರಲ್ಲಿ 20 ಆಯಿತು. ಒಂದು ಮೈಲಿ ಹಳಿಗೆ 12,800 ಎಕರೆ! ಚದುರಂಗದ ಮನೆಗಳ ಹಾಗೆ ಒಂದು ಬಿಟ್ಟು ಒಂದು ಸೆಕ್ಷನ್ ಕಂಪನಿಗೆ, ಉಳಿದದ್ದು ಸರ್ಕಾರಕ್ಕೆ. ಸರ್ಕಾರ ತನ್ನ ಪಾಲಿನ ಬೆಲೆಯನ್ನು ಎಕರೆಗೆ 1.25 ಡಾಲರಿನಿಂದ 2.50ಕ್ಕೆ ಏರಿಸಿತು. ಎಲ್ಲ ರೈಲು ಕಂಪನಿಗಳಿಗೆ ಕೇಂದ್ರ ಸರ್ಕಾರ ಕೊಟ್ಟ ಒಟ್ಟು ಭೂಮಿ ಸುಮಾರು 13 ಕೋಟಿ ಎಕರೆ. ಇಡೀ ಕರ್ನಾಟಕ ಸೇರಿದರೂ 4.7 ಕೋಟಿ ಎಕರೆ ಆಸುಪಾಸು. ಇದಕ್ಕೆ ‘ಸುಮ್ಮನಿರುವುದು’ ಎನ್ನುತ್ತಾರೆಯೇ?

ಬೆಟ್ಟ ಎಲ್ಲಿಂದ ಶುರು ಎಂದು ತೀರ್ಮಾನಿಸುವವರು ಯಾರು? ಕ್ಯಾಲಿಫೋರ್ನಿಯಾದ ಸ್ಯಾಕ್ರಮೆಂಟೊ ಊರಿನಿಂದ ಸುಮಾರು 7 ಮೈಲಿ ಪೂರ್ವಕ್ಕೆ ಆರ್ಕೇಡ್ ಕ್ರೀಕ್ ಎಂಬ ಹಳ್ಳವಿದೆ. ಅಲ್ಲಿ ನಿಂತು ನೋಡಿದರೆ ನೆಲ ಚಪ್ಪಟೆ. ಆದರೆ ರಾಜ್ಯದ ಭೂವಿಜ್ಞಾನಿ ಜೋಸಯ್ಯ ವಿಟ್ನಿ, ಸಿಯೆರಾ ನೆವಾಡಾ ಪರ್ವತದ ಮಣ್ಣು ಇಲ್ಲಿಂದಲೇ ಕಾಣಿಸುತ್ತದೆ, ಆದ್ದರಿಂದ ಪರ್ವತದ ಬುಡ ಇದೇ ಎಂದು ವರದಿ ಕೊಟ್ಟರು. ಅಧ್ಯಕ್ಷ ಲಿಂಕನ್ ಒಪ್ಪಿದರು. ಅಲ್ಲಿಂದ ನಿಜವಾದ ಏರು ಸಿಗುವವರೆಗೆ, ಬಯಲಿನಲ್ಲಿ ಹಾಕಿದ ಪ್ರತಿ ಮೈಲಿಗೂ ಸೆಂಟ್ರಲ್ ಪೆಸಿಫಿಕ್‌ಗೆ 32,000 ಡಾಲರ್ ಹೆಚ್ಚಿಗೆ ಸಿಕ್ಕಿತು.

ಮೈಲಿ ಲೆಕ್ಕದಲ್ಲಿ ಹಣ ಕೊಟ್ಟರೆ ಏನಾಗುತ್ತದೆ ಎಂಬುದೂ ಗೊತ್ತಿರಲಿ. ಗಟ್ಟಿಯಾಗಿ ಕಟ್ಟುವುದಕ್ಕಿಂತ ಬೇಗ, ಉದ್ದಕ್ಕೆ ಕಟ್ಟುವುದೇ ಲಾಭ. ಎರಡು ಕಂಪನಿಗಳ ಕೂಲಿಗಳು ಯೂಟಾದಲ್ಲಿ ಒಬ್ಬರನ್ನೊಬ್ಬರು ದಾಟಿ ಹೋಗಿ, ನೂರಕ್ಕೂ ಹೆಚ್ಚು ಮೈಲಿ ಅಕ್ಕಪಕ್ಕದಲ್ಲೇ ನೆಲ ಹದ ಮಾಡಿದರು. ಎಲ್ಲಿ ಸೇರಬೇಕೆಂದು ಎರಡೂ ಕಂಪನಿಗಳು ಒಪ್ಪಿಕೊಳ್ಳದೆ, ಕೊನೆಗೆ 1869ರ ಏಪ್ರಿಲ್‌ನಲ್ಲಿ ಕಾಂಗ್ರೆಸ್ಸೇ (ಅಮೆರಿಕದ ಸಂಸತ್ತು) ಯೂಟಾದ ಪ್ರಾಮಂಟರಿ ಎಂದು ಗೊತ್ತುಮಾಡಬೇಕಾಯಿತು. ಯೂನಿಯನ್ ಪೆಸಿಫಿಕ್‌ನ ಒಳಗಿನವರು ಕ್ರೆಡಿಟ್ ಮೊಬಿಲಿಯರ್ ಎಂಬ ತಮ್ಮದೇ ಗುತ್ತಿಗೆ ಕಂಪನಿ ಇಟ್ಟುಕೊಂಡು, ತಮಗೆ ತಾವೇ ಉಬ್ಬಿಸಿದ ದರದಲ್ಲಿ ಕೆಲಸ ವಹಿಸಿಕೊಂಡರು. ಅದರ ಷೇರುಗಳನ್ನು ಕಾಂಗ್ರೆಸ್ ಸದಸ್ಯರಿಗೆ ಅಗ್ಗದಲ್ಲಿ ಹಂಚಿದ್ದು 1872ರಲ್ಲಿ ಬಯಲಾಯಿತು.

ಇನ್ನೊಂದು ಅತಿಗೆ ಹೋಗಿ ‘ಎಲ್ಲ ಪುಕ್ಕಟೆ ಕೊಟ್ಟರು’ ಎನ್ನುವವರನ್ನೂ ತಿದ್ದಬೇಕು. ಭೂಮಿ ದಾನ ನಿಜ, ಆದರೆ ಬಾಂಡ್ ಸಾಲ: 30 ವರ್ಷದ ಅವಧಿ, ಶೇ 6 ಬಡ್ಡಿ. ಉದ್ಯಮಿ ಜೇಮ್ಸ್ ಹಿಲ್ ಅವರ ಗ್ರೇಟ್ ನಾರ್ದರ್ನ್ ರೈಲು ಕಂಪನಿ ಪಶ್ಚಿಮ ಕರಾವಳಿಗೆ ಹಾಕಿದ ಮಾರ್ಗಕ್ಕೆ ಕೇಂದ್ರದ ಭೂದಾನ ಇರಲಿಲ್ಲ. ಆದರೆ ಅವರು ಆರಂಭಿಸಿದ್ದು ಮಿನೆಸೋಟಾದಲ್ಲಿ, ಭೂದಾನ ಪಡೆದಿದ್ದ ಹಳೆಯ ಮಾರ್ಗವೊಂದನ್ನು ಕೊಂಡು.

ಆಮದು ಸುಂಕದ ಕಥೆ ಚಿಕ್ಕದು. 1870ರಲ್ಲಿ ಹೊರದೇಶದ ಉಕ್ಕಿನ ಹಳಿಯ ಮೇಲೆ ಟನ್ನಿಗೆ 28 ಡಾಲರ್ ಸುಂಕ. 1883ರಲ್ಲಿ ಇಳಿಸಿದ ಮೇಲೂ 17 ಡಾಲರ್. ಬ್ರಿಟನ್ನಿನ ಹಳಿಗೆ ಗೋಡೆ ಕಟ್ಟಿದ ಆ ಮಾರುಕಟ್ಟೆಯಲ್ಲೇ ಕಾರ್ನೆಗಿಯ ಕಾರ್ಖಾನೆ ಬೆಳೆದದ್ದು.

ಇನ್ನು ಸೈನ್ಯ. 1893–94ರಲ್ಲಿ ಶಿಕಾಗೊದ ಪುಲ್‌ಮನ್ ರೈಲುಬೋಗಿ ಕಂಪನಿ ಕೂಲಿಯನ್ನು ಸರಾಸರಿ ಕಾಲುಭಾಗದಷ್ಟು ಕಡಿತ ಮಾಡಿತು, ಕೆಲಸಗಾರರು ವಾಸಿಸುತ್ತಿದ್ದ ಕಂಪನಿ ಮನೆಗಳ ಬಾಡಿಗೆಯನ್ನು ಮಾತ್ರ ಇಳಿಸಲಿಲ್ಲ. 1894ರಲ್ಲಿ ಮುಷ್ಕರ ಹಬ್ಬಿತು. ಇಲಿನಾಯ್ ಗವರ್ನರ್ ಆಲ್ಟ್‌ಗೆಲ್ಡ್ ಬೇಡವೆಂದರೂ ಅಧ್ಯಕ್ಷ ಕ್ಲೀವ್‌ಲ್ಯಾಂಡ್ ಸೇನೆ ಇಳಿಸಿದರು. ನ್ಯಾಯಾಲಯದ ತಡೆಯಾಜ್ಞೆ ಮೀರಿದ್ದಕ್ಕೆ ರೈಲು ಕಾರ್ಮಿಕ ಸಂಘದ ನಾಯಕ ಯೂಜೀನ್ ಡೆಬ್ಸ್‌ಗೆ 6 ತಿಂಗಳ ಜೈಲು. ಕೆಳ ನ್ಯಾಯಾಲಯ ಅದಕ್ಕೆ ಆಧಾರ ಮಾಡಿಕೊಂಡದ್ದು 1890ರ ಶೆರ್ಮನ್ ಕಾಯ್ದೆಯನ್ನು. ಏಕಸ್ವಾಮ್ಯ ಮುರಿಯಲೆಂದು ಮಾಡಿದ ಕಾಯ್ದೆ ಅದು! ದೇಶದ ಸಕ್ಕರೆ ಶುದ್ಧೀಕರಣದ ಸುಮಾರು ಶೇ 98ರಷ್ಟನ್ನು ಕೈಯಲ್ಲಿಟ್ಟುಕೊಂಡ ಸಕ್ಕರೆ ಟ್ರಸ್ಟ್ (ಸಕ್ಕರೆ ಕಂಪನಿಗಳ ಕೂಟ) ಮೇಲೆ ಅದೇ ಕಾಯ್ದೆಯಡಿ ಕೇಸು ಹಾಕಿದಾಗ, ಸುಪ್ರೀಂ ಕೋರ್ಟ್ 1895ರಲ್ಲಿ ‘ತಯಾರಿಕೆ ಬೇರೆ, ಕಾಯ್ದೆ ಹೇಳುವ ವ್ಯಾಪಾರ ಬೇರೆ’ ಎಂದು ಬಿಟ್ಟುಬಿಟ್ಟಿತು.

ಹಾಗಾದರೆ ಈ ತಪ್ಪು ಕಲ್ಪನೆ ಹುಟ್ಟಿದ್ದೆಲ್ಲಿ? ಬಡವರತ್ತ ತಿರುಗಿದಾಗ ಸರ್ಕಾರ ನಿಜವಾಗಿಯೂ ಕೈಕಟ್ಟಿ ಕೂತಿತ್ತು. 1887ರಲ್ಲಿ ಬರಪೀಡಿತ ಟೆಕ್ಸಸ್ ರೈತರಿಗೆ ಬಿತ್ತನೆ ಬೀಜಕ್ಕೆಂದು ಕಾಂಗ್ರೆಸ್ ಮಂಜೂರು ಮಾಡಿದ ಹಣ 10,000 ಡಾಲರ್. ಜನ ಸರ್ಕಾರವನ್ನು ಪೋಷಿಸಬೇಕು, ಸರ್ಕಾರ ಜನರನ್ನು ಪೋಷಿಸಬಾರದು ಎಂದು ಇದೇ ಕ್ಲೀವ್‌ಲ್ಯಾಂಡ್ ಅದನ್ನು ವೀಟೊ ಮಾಡಿದರು. ಬೆಟ್ಟದ ದರದಲ್ಲಿ ನೋಡಿದರೆ ಕಾಲು ಮೈಲಿ ಹಳಿಯ ಸಾಲಕ್ಕೂ ಸಾಕಾಗದ ಮೊತ್ತ. ಲೇಸೆ ಫೇರ್ ಎಂಬ ಮಾತನ್ನು ಬಳಸಲೇಬೇಕೆಂದರೆ ಈ ರೈತರ ವಿಷಯದಲ್ಲಿ ಬಳಸಿ, ಒಪ್ಪುತ್ತೇನೆ.

ಇಲ್ಲಿ ಯಾರೂ ಅಷ್ಟಾಗಿ ಕೇಳದ ಒಂದು ಪ್ರಶ್ನೆ ಏಳುತ್ತದೆ: ಜನ ಓಟಿನಲ್ಲಿ ಬುದ್ಧಿ ಕಲಿಸಬಹುದಿತ್ತಲ್ಲ? ಓಟು ಹಾಕುವುದರಲ್ಲಿ ಅವರು ಹಿಂದೆ ಬಿದ್ದಿರಲಿಲ್ಲ. 1876ರ ಅಧ್ಯಕ್ಷೀಯ ಚುನಾವಣೆಯಲ್ಲಿ ಸುಮಾರು ಶೇ 82 ಮತದಾನ. ಆದರೆ ಮತಚೀಟಿ ಅಚ್ಚು ಮಾಡುತ್ತಿದ್ದದ್ದು ಸರ್ಕಾರವಲ್ಲ, ಪಕ್ಷಗಳು. ಅಧ್ಯಕ್ಷನಿಂದ ಹಿಡಿದು ಊರಿನ ಹುದ್ದೆಯವರೆಗೆ ತನ್ನ ಅಭ್ಯರ್ಥಿಗಳ ಹೆಸರನ್ನಷ್ಟೇ ಒಂದು ಉದ್ದ ಚೀಟಿಯಲ್ಲಿ ಅಚ್ಚು ಹಾಕಿಸಿ, ಪಕ್ಷದ ಆಳು ಮತಗಟ್ಟೆಯ ಬಾಗಿಲಲ್ಲೇ ಕೈಗೆ ಕೊಡುತ್ತಿದ್ದ. ಬಣ್ಣದ ಕಾಗದವೋ ದೊಡ್ಡ ಚಿತ್ರವೋ ಇದ್ದರೆ, ಪೆಟ್ಟಿಗೆಗೆ ಹಾಕುವಾಗ ಯಾರ ಓಟು ಯಾರಿಗೆ ಎಂದು ದೂರದಿಂದಲೇ ತಿಳಿಯುತ್ತಿತ್ತು. ಕೂಲಿ ಕೊಡುವ ಮೇಸ್ತ್ರಿಗೂ ತಿಳಿಯುತ್ತಿತ್ತು. ಒಬ್ಬ ಅಭ್ಯರ್ಥಿ ಬೇಡವೆಂದರೆ ಆ ಹೆಸರನ್ನು ಹೊಡೆದುಹಾಕಬೇಕು, ಇಲ್ಲವೇ ಬೇರೆ ಹೆಸರಿನ ಸಣ್ಣ ಪಟ್ಟಿಯನ್ನು ಅದರ ಮೇಲೆ ಅಂಟಿಸಬೇಕು.

1888ರಲ್ಲಿ ಮ್ಯಾಸಚೂಸೆಟ್ಸ್ ‘ಆಸ್ಟ್ರೇಲಿಯನ್ ಬ್ಯಾಲಟ್’ ಕಾನೂನು ಮಾಡಿತು: ಸರ್ಕಾರವೇ ಅಚ್ಚು ಮಾಡಿದ, ಎಲ್ಲರ ಹೆಸರೂ ಇರುವ ಚೀಟಿ, ಗುರುತು ಹಾಕಲು ಮರೆ. ಕೆಲವೇ ವರ್ಷಗಳಲ್ಲಿ ಬಹುಪಾಲು ರಾಜ್ಯಗಳಿಗೆ ಇದು ಹಬ್ಬಿತು. ಮೇಸ್ತ್ರಿಯ ಕಣ್ಣು ತಪ್ಪಿತು, ಓಟು ಕೊಳ್ಳುವುದೂ ಕಷ್ಟವಾಯಿತು. ಆದರೆ ಚೀಟಿ ಓದಲು ಬಾರದವನಿಗೆ ಹಳೆಯ ಬಣ್ಣದ ಕಾಗದದ ಗುರುತೂ ತಪ್ಪಿಹೋಯಿತು. ದಕ್ಷಿಣದ ರಾಜ್ಯಗಳು ಓದು ಬಾರದಿರುವುದನ್ನೇ ಬೇಲಿ ಮಾಡಿಕೊಂಡವು. ಮಿಸಿಸಿಪಿ 1890ರ ತನ್ನ ಸಂವಿಧಾನದಲ್ಲಿ ಮತದಾರನಿಗೆ 2 ಡಾಲರ್ ತಲೆಗಂದಾಯ ಹಾಕಿತು. ಜೊತೆಗೆ ಸಂವಿಧಾನದ ಒಂದು ಭಾಗವನ್ನು ಓದಬೇಕು, ಇಲ್ಲವೇ ಓದಿ ಹೇಳಿದಾಗ ಅರ್ಥ ಹೇಳಬೇಕು ಎಂಬ ಷರತ್ತು. ಹೇಳಿದ್ದು ಸರಿಯೋ ತಪ್ಪೋ ಎಂದು ನಿರ್ಧರಿಸುತ್ತಿದ್ದವನು ಬಿಳಿಯ ನೋಂದಣಿ ಅಧಿಕಾರಿ. ಕರಿಯ ಮತದಾರರ ಹೆಸರು ಪಟ್ಟಿ ಸೇರದಂತೆ ನೋಡಿಕೊಳ್ಳಲು ಅಷ್ಟು ಸಾಕಾಗುತ್ತಿತ್ತು.