ರೋಜರ್ ಟ್ರೇನರ್: ತನ್ನ ತೀರ್ಪನ್ನೇ ತಿದ್ದಿದ ನ್ಯಾಯಮೂರ್ತಿ

ಅಮೆರಿಕದ ನ್ಯಾಯಾಂಗವನ್ನು ಓದಲು ಹೊರಟ ನಮ್ಮವರು ಮೊದಲು ಎಡವುವುದು ‘ರಾಜ್ಯ ಸುಪ್ರೀಂ ಕೋರ್ಟ್’ ಎಂಬ ಹೆಸರಿನಲ್ಲಿ. ನಮ್ಮ ದೇಶಕ್ಕೆಲ್ಲ ಸುಪ್ರೀಂ ಕೋರ್ಟ್ ಒಂದೇ. ಅಲ್ಲಿ ಪ್ರತಿ ರಾಜ್ಯಕ್ಕೂ ತನ್ನದೇ ಅತ್ಯುನ್ನತ ನ್ಯಾಯಾಲಯವಿದ್ದು, ಆ ರಾಜ್ಯದ ಕಾನೂನಿನ ಮಟ್ಟಿಗೆ ಅದರ ಮಾತೇ ಕೊನೆಯದು. (ನ್ಯೂಯಾರ್ಕಿನಲ್ಲಂತೂ ಸುಪ್ರೀಂ ಕೋರ್ಟ್ ಎಂದರೆ ವಿಚಾರಣಾ ನ್ಯಾಯಾಲಯ.) ಇಂಥ ಪೀಠದಲ್ಲಿ ಕುಳಿತವರು ಏನೆಲ್ಲ ಮಾಡಬಹುದೆಂಬುದಕ್ಕೆ ಕ್ಯಾಲಿಫೋರ್ನಿಯಾದ ರೋಜರ್ ಟ್ರೇನರ್ ಒಳ್ಳೆಯ ನಿದರ್ಶನ.

1900ರಲ್ಲಿ ಯೂಟಾ ರಾಜ್ಯದ ಪಾರ್ಕ್ ಸಿಟಿ ಎಂಬ ಗಣಿ ಊರಿನಲ್ಲಿ ಹುಟ್ಟಿದ ಟ್ರೇನರ್, ಬರ್ಕ್ಲಿಯ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಕಾನೂನು ಪದವಿಯನ್ನೂ ಪಿಎಚ್.ಡಿ.ಯನ್ನೂ ಪಡೆದು, ಅಲ್ಲಿಯೇ ಪ್ರಾಧ್ಯಾಪಕರಾದರು. ತೆರಿಗೆ ಕಾನೂನು ಅವರ ಕ್ಷೇತ್ರ. 1940ರಲ್ಲಿ ಕ್ಯಾಲಿಫೋರ್ನಿಯಾ ಸುಪ್ರೀಂ ಕೋರ್ಟಿಗೆ ಗವರ್ನರ್ ಕಲ್ಬರ್ಟ್ ಓಲ್ಸನ್ ಮೊದಲು ಹೆಸರಿಸಿದ್ದು ಮ್ಯಾಕ್ಸ್ ರಾಡಿನ್ ಎಂಬ ಇನ್ನೊಬ್ಬ ಪ್ರಾಧ್ಯಾಪಕರನ್ನು. ಅರ್ಹತಾ ಆಯೋಗ ಅವರನ್ನು ಒಪ್ಪದಿದ್ದಾಗ ಅವಕಾಶ ಟ್ರೇನರ್ ಅವರ ಪಾಲಿಗೆ ಬಂತು. ಆವರೆಗೆ ಅವರು ಯಾವ ನ್ಯಾಯಪೀಠದಲ್ಲೂ ಕುಳಿತವರಲ್ಲ. ಅಲ್ಲಿ ಗವರ್ನರ್ ನೇಮಿಸಿ ಆಯೋಗ ಒಪ್ಪಿದರಷ್ಟೇ ಸಾಲದು, ಆ ನ್ಯಾಯಮೂರ್ತಿ ಮುಂದುವರಿಯಬೇಕೇ ಎಂದು ಮತದಾರರನ್ನೂ ಕೇಳಲಾಗುತ್ತದೆ.

1944ರ ಎಸ್ಕೋಲಾ ಪ್ರಕರಣದಲ್ಲಿ ಕೋಕಾ ಕೋಲಾ ಬಾಟಲಿಯೊಂದು ಹೋಟೆಲಿನ ಪರಿಚಾರಿಕೆಯ ಕೈಯಲ್ಲೇ ಒಡೆದು ಗಾಯವಾಗಿತ್ತು. ಉಳಿದವರು ನಿರ್ಲಕ್ಷ್ಯದ ಹಳೆಯ ಸೂತ್ರದ ಮೇಲೆಯೇ ಆಕೆಗೆ ಪರಿಹಾರವನ್ನು ಎತ್ತಿಹಿಡಿದರು. ಟ್ರೇನರ್ ಒಬ್ಬರೇ, ಉತ್ಪಾದಕನ ತಪ್ಪನ್ನು ಸಾಬೀತುಪಡಿಸುವ ಹೊರೆಯನ್ನು ಗಾಯಗೊಂಡವರ ಮೇಲೆ ಹೊರಿಸಬೇಕಾಗಿಲ್ಲ, ದೋಷವಿರುವ ಸರಕಿಗೆ ಅದನ್ನು ತಯಾರಿಸಿದವನೇ ಹೊಣೆ ಎಂದು ಪ್ರತ್ಯೇಕವಾಗಿ ಬರೆದರು. ಅದೇ ವಿಚಾರ 1963ರ ಗ್ರೀನ್‌ಮನ್ ತೀರ್ಪಿನಲ್ಲಿ, ಅವರದೇ ಲೇಖನಿಯಿಂದ, ಸರ್ವಾನುಮತದ ಕಾನೂನಾಯಿತು. ನಡುವಿನ ಅಂತರ 19 ವರ್ಷ. ಅಂತರ್ಜನಾಂಗೀಯ ವಿವಾಹದ ನಿಷೇಧವನ್ನು 4–3ರಿಂದ ರದ್ದುಪಡಿಸಿದ 1948ರ ಪೆರೆಝ್ ಪ್ರಕರಣದಲ್ಲೂ ಪ್ರಧಾನ ಅಭಿಪ್ರಾಯ ಅವರದೇ. ಅಮೆರಿಕದ ಸುಪ್ರೀಂ ಕೋರ್ಟ್ ಲವಿಂಗ್ ಪ್ರಕರಣದಲ್ಲಿ ಆ ನಿಲುವಿಗೆ ಬಂದದ್ದು 1967ರಲ್ಲಿ, ಅಂದರೆ ಮತ್ತೆ 19 ವರ್ಷಗಳ ಮೇಲೆ. ಇಸವಿಗಳನ್ನು ನೆನಪಿಡಲು ಈ ಕಾಕತಾಳೀಯ ನನಗೆ ನೆರವಾಗಿದೆ.

ಆದರೆ ನನ್ನ ದೃಷ್ಟಿಯಲ್ಲಿ ಹೆಚ್ಚು ಓದಬೇಕಾದದ್ದು 1955ರ ಕಹಾನ್ ತೀರ್ಪು. ಪೊಲೀಸರು ಅಕ್ರಮ ಶೋಧದಿಂದ ಪಡೆದ ಸಾಕ್ಷ್ಯವನ್ನು ಒಪ್ಪಬಹುದು ಎಂದು 1942ರ ಗೊನ್ಸಾಲೆಸ್ ಪ್ರಕರಣದಲ್ಲಿ ಬರೆದವರು ಸ್ವತಃ ಟ್ರೇನರ್. ಕಹಾನ್‌ನಲ್ಲಿ ಪೊಲೀಸರು ಮನೆಯೊಳಗೆ ನುಗ್ಗಿ ಕದ್ದಾಲಿಕೆಯ ಮೈಕ್ರೋಫೋನ್ ಇಟ್ಟಿದ್ದರು. ಬೇರೆ ಯಾವ ಪರಿಹಾರವೂ ಪೊಲೀಸರನ್ನು ಸಂವಿಧಾನದ ಮಿತಿಯಲ್ಲಿ ಇರಿಸಿಲ್ಲವೆಂದು ಕಂಡುಕೊಂಡ ಅವರು ತಮ್ಮ ಹಿಂದಿನ ನಿಲುವನ್ನೇ ಕೈಬಿಟ್ಟು, ಅಂಥ ಸಾಕ್ಷ್ಯವನ್ನು ಹೊರಗಿಟ್ಟರು. ಅಮೆರಿಕದ ಸುಪ್ರೀಂ ಕೋರ್ಟಿನ 1961ರ ಮ್ಯಾಪ್ ತೀರ್ಪು ಈ ನಿಯಮವನ್ನು ಎಲ್ಲ ರಾಜ್ಯಗಳಿಗೂ ಅನ್ವಯಿಸಿತು.

1964ರಲ್ಲಿ ಮುಖ್ಯ ನ್ಯಾಯಮೂರ್ತಿಯಾದ ಟ್ರೇನರ್ 1970ರಲ್ಲಿ ನಿವೃತ್ತರಾದರು. ನಮ್ಮ ಸುಪ್ರೀಂ ಕೋರ್ಟ್ 1973ರ ಪೂರನ್ ಮಲ್ ಪ್ರಕರಣದಲ್ಲಿ, ಶೋಧ ಅಕ್ರಮವೆಂಬ ಒಂದೇ ಕಾರಣಕ್ಕೆ ಪ್ರಸ್ತುತ ಸಾಕ್ಷ್ಯವನ್ನು ತಳ್ಳಿಹಾಕಲಾಗದು ಎಂದಿತು. ಅದು ಹೆಚ್ಚುಕಡಿಮೆ 1942ರ ಟ್ರೇನರ್ ಅವರ ನಿಲುವೇ ಆದ್ದರಿಂದ, ಗೊನ್ಸಾಲೆಸ್ ಮತ್ತು ಕಹಾನ್ ಎರಡನ್ನೂ ಪೂರನ್ ಮಲ್ ಜೊತೆಗಿಟ್ಟು ಓದುವುದು ಒಳಿತು.