ಬೆಕ್ಕಿಗೆಂದು ಚೆಲ್ಲಿದ್ದು ನಾಯಿಯ ಹೊಟ್ಟೆಗೆ

ಲ್ಯಾಬ್ರಡಾರ್ ನಾಯಿಯ ಬಾಯಿ ತೆರೆದೊಡನೆ ಹಳೆಯ ಬೀರುವಿನ ಬಾಗಿಲು ತೆಗೆದಂಥ ವಾಸನೆ ಬಂತು. ತುಟಿ ಎತ್ತಿ ನೋಡಿದರೆ ಒಸಡು ಬಿಳಿಚಿಕೊಂಡಿತ್ತು. ನುಸಿಗುಳಿಗೆ ಏನಾದರೂ ತಿಂದಿತೇ ಎಂದು ಕೇಳಿದೆ. "ಹಿತ್ತಲಲ್ಲಿ ಹಾಕಿದ್ದೆ ಡಾಕ್ಟರೇ, ಆದರೆ ಅದು ಬೆಕ್ಕಿಗೆ" ಎಂದರು ಯಜಮಾನರು, ಬೇರೆಯವರ ಹೆಸರಿಗೆ ಬಂದ ಪತ್ರವನ್ನು ನಾಯಿ ಒಡೆದು ಓದಿತೆನ್ನುವ ಧಾಟಿಯಲ್ಲಿ.

ಈ ಮಾತು ಕೇಳಿ ಕೇಳಿ ಸಾಕಾಗಿದೆ. ಪರರ ಬೆಕ್ಕು ಹಿತ್ತಲಿಗೆ ಬಂದು ಹೋಗುವುದು ಗಳಿಗೆ ಹೊತ್ತು. ನಿಮ್ಮ ನಾಯಿಯದು ಅಲ್ಲೇ ವಾಸ. ಕುಂಡದ ಹಿಂದೆ, ಗೋಡೆಯ ಬುಡದಲ್ಲಿ ಹೊಸತೇನು ಬಿದ್ದರೂ ಮೊದಲು ಮೂಸುವುದು ಅದೇ, ಅನುಮಾನವಿದ್ದರೆ ನೆಕ್ಕಿ ಪರಿಹರಿಸಿಕೊಳ್ಳುವುದೂ ಅದೇ. ಬೆಕ್ಕನ್ನು ಓಡಿಸಲು ನೆಲಕ್ಕೆ ಏನೇ ಚೆಲ್ಲಿದರೂ ನಾಯಿಗೆ ಬಡಿಸಿದಂತೆಯೇ ಲೆಕ್ಕ. ನುಸಿಗುಳಿಗೆಯ ನ್ಯಾಫ್ತಲೀನ್ ಕೆಂಪು ರಕ್ತಕಣಗಳನ್ನು ಒಡೆಯುತ್ತದೆ. ಗುಳಿಗೆ ಹೊಟ್ಟೆಯಲ್ಲಿ ನಿಧಾನವಾಗಿ ಕರಗುವುದರಿಂದ ನಾಯಿ ಮೊದಲ ದಿನ ಚೆನ್ನಾಗಿಯೇ ಕಾಣಬಹುದು. ಬೆಳಗ್ಗೆ ಬಾಲ ಅಲ್ಲಾಡಿಸಿತೆಂದು ಸಮಾಧಾನಪಡಬೇಡಿ. ಕೆಲವರು ಚೆಲ್ಲುವ ಕಾಫಿ ಚರಟದಲ್ಲಿ ಕೆಫೀನ್ ಉಳಿದಿರುತ್ತದೆ, ಅದೂ ನಾಯಿಗೆ ವಿಷವೇ. ಖಾರದ ಪುಡಿ ನಾಯಿಯ ಕಣ್ಣು, ಮೂಗುಗಳನ್ನೂ ಉರಿಸುತ್ತದೆ. "ಸ್ವಲ್ಪವೇ ಹಾಕಿದ್ದೆ" ಎನ್ನುತ್ತಾರೆ. ಎಷ್ಟು ತಿಂದರೆ ಅಪಾಯವೆಂಬುದು ನಾಯಿಯ ತೂಕಕ್ಕೂ ಗುಳಿಗೆಯ ಬಗೆಗೂ ಸೇರಿದ್ದು, ಫೋನಿನಲ್ಲಿ ಹೇಳಲಾರೆ. ಪೊಟ್ಟಣ ಹಿಡಿದುಕೊಂಡು ತಕ್ಷಣ ಬನ್ನಿ. ದಾರಿಯಲ್ಲಿ ಉಪ್ಪುನೀರು ಕುಡಿಸಿ ವಾಂತಿ ಮಾಡಿಸಬೇಡಿ, ಆ ಉಪ್ಪೇ ಇನ್ನೊಂದು ವಿಷವಾದೀತು.

ತೀರಾ ಕೀರಲು ಸದ್ದಿನಿಂದ ಬೆಕ್ಕನ್ನು ಓಡಿಸುವ ಯಂತ್ರವನ್ನು, ಅದು ಬೆಕ್ಕಿಗೆ ಮಾತ್ರ ಕೇಳಿಸುತ್ತದೆಂದು ಕೊಳ್ಳುವವರೂ ಇದ್ದಾರೆ. ನಮ್ಮ ಕಿವಿ ಸುಮಾರು 20 ಕಿಲೋಹರ್ಟ್ಸ್‌ಗೆ ನಿಂತುಬಿಡುತ್ತದೆ, ನಾಯಿಯದು 45ರ ಆಸುಪಾಸಿನವರೆಗೂ ಹೋಗುತ್ತದೆ. ನಮಗೆ ಕೇಳಿಸದ್ದು ಅದಕ್ಕೂ ಕೇಳಿಸದೆಂದು ನಂಬಿಕೊಂಡು ಇಡೀ ರಾತ್ರಿ ಹಚ್ಚಿಡುತ್ತಾರೆ, ಪಾಪ.

ಇನ್ನು ನಾಯಿಯನ್ನೇ ಛೂ ಬಿಡುವ ಉಪಾಯ. ಮೂಲೆಗೆ ಸಿಕ್ಕ ಬೆಕ್ಕಿನ ಉಗುರು ನೇರವಾಗಿ ಕಣ್ಣಿಗೇ ಬರುತ್ತದೆ. ಕಾರ್ನಿಯಾ ಸೀಳಿಸಿಕೊಂಡು ಬಂದ ನಾಯಿಗಳಿಗೆ ನಾನು ಹೊಲಿಗೆ ಹಾಕಿದ್ದೇನೆ.

ಆ ಯಜಮಾನರು ಬೆಕ್ಕಿನ ಕಾಟಕ್ಕೆ ಸಾಕ್ಷಿಯಾಗಿ ಮೊಬೈಲಿನಲ್ಲಿ ಒಂದು ಫೋಟೊ ತೋರಿಸಿದರು. ಬೆಕ್ಕಿಗಿಂತ ಮೊದಲು ನನಗೆ ಕಂಡದ್ದು ಅದರ ಮುಂದಿದ್ದ ಬಟ್ಟಲು, ಅರ್ಧಕ್ಕಿಂತ ಹೆಚ್ಚು ನಾಯಿಯ ಊಟ. ರಾತ್ರಿಯಿಡೀ ಅಲ್ಲೇ ಇರುತ್ತಿತ್ತಂತೆ! ಬಟ್ಟಲನ್ನು ಒಳಗಿಡಿ ಎಂದೆ. ಬೆಕ್ಕು ಕೆದಕುವ ಸಡಿಲ ಮಣ್ಣಿನ ಪಾತಿಗೆ ಚೂಪು ತುದಿ ಮೇಲೇಳದಂತೆ ತಂತಿ ಜಾಲರಿ ಹಾಸಿ, ತೆಳುವಾಗಿ ಮಣ್ಣು ಮುಚ್ಚಲು ಹೇಳಿದೆ. ಅಷ್ಟಕ್ಕೂ ಬಗ್ಗದಿದ್ದರೆ, ಯಾರಾದರೂ ಸುಳಿದೊಡನೆ ನೀರು ಚಿಮ್ಮಿಸುವ ಸ್ಪ್ರಿಂಕ್ಲರ್ ಇದೆ. ಅದರಿಂದ ನಾಯಿ ನೆನೆಯುತ್ತದೆ, ಅಷ್ಟೇ. ಕೆಲವು ನಾಯಿಗಳಂತೂ ಬೇಕೆಂದೇ ಹೋಗಿ ನಿಲ್ಲುತ್ತವೆ.

ಲ್ಯಾಬ್ರಡಾರ್ ರಕ್ತ ಹಾಕಿಸಿಕೊಂಡು ಚೇತರಿಸಿಕೊಂಡಿತು. ಬೆಕ್ಕು ಈಗಲೂ ಕಾಂಪೌಂಡ್ ಗೋಡೆಯ ಮೇಲೆ ಬಂದು ಕೂರುತ್ತದಂತೆ. ಬಟ್ಟಲಿದ್ದ ಜಾಗವನ್ನು ಒಮ್ಮೆ ನೋಡಿ ಎದ್ದುಹೋಗುತ್ತದಂತೆ.